ಮೂರನೆಯ ಗೂಟದ ಕೀಲಿಕೈ

ನಮ್ಮ ಮನೆಯ ಪಡಸಾಲೆಯ ಗೋಡೆಯಲ್ಲಿ ಮೂರು ಗೂಟಗಳಿದ್ದವು. ಅಂಗಿ, ರುಮಾಲು ನೇತುಹಾಕುವ ಗೂಟಗಳಲ್ಲ; ಅದಕ್ಕೆ ಬೇರೆ ಹಗ್ಗವಿತ್ತು. ಈ ಮೂರು ಗೂಟ ಊರವರ ಕೀಲಿಕೈಗಳಿಗೆ ಮೀಸಲು. ದೇವದುರ್ಗದ ನಮ್ಮ ಓಣಿಯಲ್ಲಿ ಅಣ್ಣತಮ್ಮಂದಿರು ಪಾಲಿಗಾಗಿ ಜಗಳಾಡಿ, ಒಂದು ಕೋಣೆ ಯಾರದೆಂದು ತೀರ್ಮಾನವಾಗದೆ ಹೋದರೆ, ಆ ಕೋಣೆಗೆ ಕೀಲಿ ಹಾಕಿ, ಕೀಲಿಕೈಯನ್ನು ಮೂರನೆಯವರ ಕೈಯಲ್ಲಿ ಅಮಾನತ್ ಇಡುತ್ತಿದ್ದರು. ಇಬ್ಬರೂ ಕೂಡಿ ಬಂದು ಕೇಳಿದಾಗ ಮಾತ್ರ ಅದನ್ನು ಕೊಡಬೇಕು. ಒಬ್ಬನೇ ಬಂದರೆ, ಕಾಲಿಗೆ ಬಿದ್ದರೂ ಕೊಡುವಂತಿಲ್ಲ. ಕಾಗದವಿಲ್ಲ, ಸಹಿ ಇಲ್ಲ, ಹೆಬ್ಬೆಟ್ಟಿಲ್ಲ. ಕೀಲಿಕೈಗೆ ಅರಿಷಿಣದ ದಾರ ಸುತ್ತಿ ಕೊಟ್ಟರೆ ಮುಗಿಯಿತು. ಇಟ್ಟ ಜಾಗದಿಂದ ಅದನ್ನು ಕದಲಿಸಬಾರದು, ಮಕ್ಕಳು ಮುಟ್ಟಬಾರದು, ಇಟ್ಟವರ ಸುದ್ದಿಯನ್ನು ಕಟ್ಟೆಯ ಮೇಲೆ ಕೂತು ಆಡಬಾರದು. ಓಣಿಯ ಜನ ಈ ಕೆಲಸಕ್ಕೆ ಆರಿಸಿಕೊಂಡದ್ದು ನಾಗವ್ವತ್ತೆಯನ್ನು.

ನಾಗವ್ವತ್ತೆ ಅಪ್ಪನ ಸೋದರತ್ತೆ. ಅಪ್ಪ ಕರೆದಂತೆ ನಾವೂ ಅವಳನ್ನು ಅತ್ತೆ ಎಂದೇ ಕರೆಯುತ್ತಿದ್ದೆವು. ಹಿಂದಿಲ್ಲದ ಮುಂದಿಲ್ಲದ ಹೆಂಗಸು. ಗಂಡ ಸಣ್ಣ ವಯಸ್ಸಿನಲ್ಲೇ ಹೋಗಿದ್ದ, ಮಕ್ಕಳಿರಲಿಲ್ಲ. ತಾಯಿಯಿಲ್ಲದ ಅಪ್ಪನನ್ನು ತೊಡೆಯ ಮೇಲೆ ಹಾಕಿಕೊಂಡು ಬೆಳೆಸಿದಳು, ಹೊಲಿಗೆ ಕಲಿಸಿದಳು, ಮದುವೆ ಮಾಡಿದಳು, ಅವ್ವನನ್ನು ಬೈದಳು, ನಮ್ಮನ್ನು ಎತ್ತಿ ಆಡಿಸಿದಳು. ಬಾಯಿ ಬಹಳ ಜೋರು. ರೊಟ್ಟಿ ಬಡಿಯುತ್ತಲೇ ಓಣಿಯ ಆ ತುದಿಯವರಿಗೆ ಉತ್ತರ ಕೊಡುತ್ತಿದ್ದಳು. ನನಗೆ ಆರೋ ಏಳೋ ವರ್ಷವಿದ್ದಾಗ ಒಮ್ಮೆ ಹೊಳೆಯುತ್ತಿದ್ದ ಒಂದು ಕೀಲಿಕೈ ಹಿಡಿದು ನೋಡಿದ್ದಕ್ಕೆ, ಹಿಟ್ಟು ಮೆತ್ತಿದ ಕೈಯಿಂದಲೇ ಕೆನ್ನೆಗೆ ಕೊಟ್ಟಳು. ಜೋಳದ ಹಿಟ್ಟು ಕೆನ್ನೆಯ ಮೇಲೆ ಒಣಗಿ ಬಿಗಿದುಕೊಂಡಿದ್ದು ಇನ್ನೂ ನೆನಪಿದೆ. ಇನ್ನೊಂದು ಸಲ ತಿಮ್ಮಣ್ಣ ಎಂಬವನು ಅಣ್ಣನಿಗೆ ಗೊತ್ತಾಗದಂತೆ ಬಂದು, ತನ್ನ ಪಾಲಿನ ಬಿತ್ತನೆ ಬೀಜ ಕೋಣೆಯಲ್ಲಿದೆ, ಒಂದು ಗಳಿಗೆ ಕೀಲಿಕೈ ಕೊಡು ಎಂದು ಅಂಗಲಾಚಿದ. ಅತ್ತೆ ರೊಟ್ಟಿಯಿಂದ ಕಣ್ಣೆತ್ತಲಿಲ್ಲ.

"ಇಬ್ಬರು ಕೂಡಿ ಇಟ್ಟೀರಿ, ಇಬ್ಬರು ಕೂಡಿ ಬರ್ರಿ. ಒಬ್ಬವ ಬಂದ್ರ ನನ್ನ ಕಣ್ಣಿಗಿ ಕಾಣಾಂಗಿಲ್ಲ ನೋಡು."

"ಹಂಗಂದ್ರ ಹೆಂಗ ಯವ್ವಾ, ಬಿತ್ತಿಗಿ ಹೊತ್ತಾಗ್ತದ."

"ಯಾರೋ ಮಾತಾಡಾಕತ್ತಂಗ ಆಗ್ತದಲ್ಲ ಗಂಗವ್ವಾ," ಎಂದು ಅತ್ತೆ ನನ್ನ ಅವ್ವನ ಕಡೆ ತಿರುಗಿ ಹೇಳಿದಳು. "ಬೆಕ್ಕು ಏನರ ಒಳಗ ಬಂತೇನು, ನೋಡು."

ತಿಮ್ಮಣ್ಣ ಹಾಗೆಯೇ ಹೋದ. ಹೋಗುವಾಗ ಅತ್ತೆ ಅವನನ್ನು ನಿಲ್ಲಿಸಿ ನಮ್ಮ ಬೀಜವನ್ನೇ ಒಂದು ಮೊರದ ತುಂಬ ಕೊಟ್ಟು ಕಳಿಸಿದಳು. ಕೀಲಿಕೈ ಮಾತ್ರ ಕೊಡಲಿಲ್ಲ. ತಿಮ್ಮಣ್ಣ ಮತ್ತು ಅವನ ಅಣ್ಣ ಅಮರಪ್ಪ ಇಟ್ಟ ಆ ಕೀಲಿಕೈ ಮೂರನೆಯ ಗೂಟದ್ದು. ಈ ಅಧ್ಯಾಯವೆಲ್ಲ ಅದರದೇ.

ಗಂಡನಿಂದ ಅತ್ತೆಗೆ ಬಂದ ಆ ಮನೆ ದೊಡ್ಡದೇನಲ್ಲ. ಕಲ್ಲಿನ ಗೋಡೆ, ಮಣ್ಣಿನ ಮಾಳಿಗೆ, ಅಡುಗೆ ಕೋಣೆಯ ನೆತ್ತಿಗೆ ಒಂದು ಬೆಳಕಿಂಡಿ. ಮಧ್ಯಾಹ್ನ ಅದರಿಂದ ಇಳಿಯುವ ಬಿಸಿಲು ಬೀಸುವ ಕಲ್ಲಿನ ಮೇಲೆ ಬಂದಾಗ ಊಟದ ಹೊತ್ತು. ಮನೆಯಲ್ಲಿ ಗಡಿಯಾರ ಇರಲಿಲ್ಲ, ಬೇಕಾಗಿಯೂ ಇರಲಿಲ್ಲ. ಬಿಸಿ ರೊಟ್ಟಿ, ಪುಂಡಿಪಲ್ಯ, ಮೇಲೆ ಅಗಸಿ ಹಿಂಡಿ ಎಂಬ ಚಟ್ನಿಪುಡಿ. ಎಣ್ಣೆ ಹಾಕಿಕೊಳ್ಳಲು ಹಿಂಡಿಯ ನಡುವೆ ಬೆರಳಿಂದ ಗುಳಿ ಮಾಡುವಾಗ ಅಣ್ಣನಿಗೂ ನನಗೂ ದಿನಾ ಜಗಳ. ಪಡಸಾಲೆಯಲ್ಲಿ ಗೂಟಗಳ ಕೆಳಗೆ ಅಪ್ಪನ ಹೊಲಿಗೆ ಮಷೀನು. ಅಪ್ಪ ಊರಿನ ಠಾಣೆಯ ಪೊಲೀಸರಿಗೆಲ್ಲ ಖಾಕಿ ಅಂಗಿ, ಪ್ಯಾಂಟು ಹೊಲಿಯುತ್ತಿದ್ದ. ಯಾವ ಪೇದೆಯ ಹೊಟ್ಟೆ ಎಷ್ಟು ಬೆಳೆಯಿತು ಎಂಬುದು ಅವನಿಗೆ ಬಾಯಿಪಾಠ. ಕಾಜಾ ಹಾಕುವುದು, ಗುಂಡಿ ಹಚ್ಚುವುದು ಅವ್ವನ ಕೆಲಸ. ನನಗೆ ಹತ್ತು ತುಂಬಿದ ಮೇಲೆ ನನ್ನದೂ. ಖಾಕಿ ದಪ್ಪ ಬಟ್ಟೆ, ಸೂಜಿ ನುಗ್ಗದೆ ಬೆರಳು ತೂತಾಗುತ್ತಿತ್ತು. ಆದರೂ ಠಾಣೆಯ ದೊಡ್ಡ ಸಾಹೇಬ ಫೌಜದಾರ ಬೀದಿಯಲ್ಲಿ ಹೋಗುವಾಗ, ಅವನ ಎದೆಯ ಮೇಲಿನ ಕಾಜಾ ನಾನು ಹಾಕಿದ್ದು ಎಂದು ಗೆಳತಿಯರಿಗೆ ತೋರಿಸಿ ಮೆರೆಯುತ್ತಿದ್ದೆ. ಪೊಲೀಸರೆಂದರೆ ನಮಗೆ ಹೆದರಿಕೆ ಇರಲಿಲ್ಲ. ಅವರು ನಮ್ಮ ಮನೆಗೆ ಬರುವ ಗಿರಾಕಿಗಳು, ಅಷ್ಟೆ.

ಅತ್ತೆ ಒಂದು ಬೇಸಿಗೆಯಲ್ಲಿ ಎರಡು ದಿನ ಜ್ವರ ಬಂದು ತೀರಿಕೊಂಡಳು. ಎರಡು ಗೂಟದ ಕೀಲಿಕೈಗಳನ್ನು ಅವಳಿದ್ದಾಗಲೇ ಅವರವರು ಒಯ್ದಿದ್ದರು. ಮೂರನೆಯದು ಉಳಿದಿತ್ತು. ಸಾಯುವ ದಿನ ಬೆಳಿಗ್ಗೆ ಅವಳು ಮನೆಯ ವಿಷಯ ಒಂದು ಮಾತೂ ಆಡಲಿಲ್ಲ. ಮನೆ ನಿನ್ನದೇ ಎಂದು ಅಪ್ಪನಿಗೆ ನೂರು ಸಲ ಹೇಳಿದ್ದಳಲ್ಲ, ಅವಳ ಲೆಕ್ಕಕ್ಕೆ ಅದು ಸಾಕಾಗಿತ್ತು. ಗೂಟದ ಕಡೆ ನೋಡಿ ಅಪ್ಪನಿಗೆ ಹೇಳಿದ್ದು ಇಷ್ಟೇ:

"ಈರಣ್ಣಾ, ಅಮರಪ್ಪಂದು ಅದು. ಇಬ್ಬರು ಕೂಡಿ ಬಂದ್ರ ಕೊಡು. ಮರೀಬ್ಯಾಡ."

ಆರು ತಿಂಗಳಾಗಿರಲಿಲ್ಲ, ಮಾನವಿಯಿಂದ ವೀರಭದ್ರಪ್ಪ ಬಂದ. ಅತ್ತೆಯ ಗಂಡನ ತಮ್ಮನ ಮಗ. ಮಾನವಿಯಲ್ಲಿ ಅಕ್ಕಿ ಗಿರಣಿ ಇಟ್ಟಿದ್ದ. ಅತ್ತೆ ಬದುಕಿದ್ದಾಗ ಒಂದು ಸಲವೂ ಅವಳ ಕೈಯ ನೀರು ಕುಡಿದವನಲ್ಲ. ಈಗ ಪಡಸಾಲೆಯಲ್ಲಿ ಕೂತು ಚಹಾ ಕುಡಿದು, ಮಾಳಿಗೆಯ ತೊಲೆಗಳನ್ನು ಒಂದೊಂದಾಗಿ ನೋಡಿ, ಇದು ತಮ್ಮ ಮನೆತನದ ಮನೆ, ನೀವು ಹೆಣ್ಣಿನ ಕಡೆಯವರು, ಖಾಲಿ ಮಾಡಿದರೆ ಒಳ್ಳೆಯದು ಎಂದ. ಅಪ್ಪ ಜಗಳದ ಮನುಷ್ಯನಲ್ಲ. ಹುಟ್ಟಿದಾಗಿನಿಂದ ಇಲ್ಲೇ ಇದ್ದೇನೆ, ಅತ್ತೆಯೇ ಕೊಟ್ಟದ್ದು, ಎಂದು ಹೇಳಿ ಬಾಗಿಲವರೆಗೆ ಬಿಟ್ಟು ಬಂದ. ಅವ್ವ ಅವನು ಕುಡಿದ ಕಪ್ಪನ್ನು ಬೂದಿ ಹಾಕಿ ತಿಕ್ಕಿದಳು.

ನಾಲ್ಕು ದಿನಕ್ಕೆ ಠಾಣೆಯ ದಫೇದಾರ ಬಂದು, ಫೌಜದಾರ ಸಾಹೇಬರು ಕರೆಯುತ್ತಾರೆ ಎಂದ. ಹೊಸ ಅಂಗಿಯ ಅಳತೆಗಿರಬೇಕೆಂದು ಅಪ್ಪ ಟೇಪನ್ನು ಕೊರಳಿಗೆ ಹಾಕಿಕೊಂಡೇ ಹೋದ. ಸಂಜೆಯವರೆಗೆ ಬರಲಿಲ್ಲ. ಅವ್ವ ರೊಟ್ಟಿ ಕಟ್ಟಿಕೊಟ್ಟಳು, ನಾನು ಒಯ್ದೆ. ಠಾಣೆಯ ಹೊರಗೆ ಬೇವಿನ ಗಿಡದ ಕೆಳಗೆ ಅಪ್ಪ ನೆಲದ ಮೇಲೆ ಕೂತಿದ್ದ. ಟೇಪು ಇನ್ನೂ ಕೊರಳಲ್ಲೇ ಇತ್ತು. ಯಾರೂ ಅವನನ್ನು ಬೈದಿರಲಿಲ್ಲ, ಹೊಡೆದಿರಲಿಲ್ಲ. ಕೂಡು ಎಂದಿದ್ದರು, ಅಷ್ಟೇ. ಮರುದಿನವೂ ಕರೆದರು, ಅದರ ಮರುದಿನವೂ. ವೀರಭದ್ರಪ್ಪ ಅರ್ಜಿ ಕೊಟ್ಟಿದ್ದನಂತೆ, ಟೇಲರ್ ಈರಣ್ಣ ಪರರ ಮನೆಯೊಳಗೆ ಹೊಕ್ಕು ಕೂತಿದ್ದಾನೆ ಎಂದು. ಹೊಲಿಗೆ ನಿಂತಿತು. ಕತ್ತರಿಸಿಟ್ಟ ಬಟ್ಟೆಗಳು ಮಷೀನಿನ ಮೇಲೆ ಹಾಗೇ ಬಿದ್ದಿದ್ದವು. ಹತ್ತು ದಿನ ಹೀಗೆ ಆದ ಮೇಲೆ ಒಂದು ಬೆಳಿಗ್ಗೆ ಫೌಜದಾರನೇ ಮನೆಗೆ ಬಂದ.

ಅವನು ಕೆಟ್ಟದಾಗಿ ಮಾತಾಡಲಿಲ್ಲ ಎಂಬುದನ್ನು ನಾನು ಬರೆಯಲೇಬೇಕು. ಬೂಟು ಹೊರಗೆ ಬಿಟ್ಟು ಬಂದ. ಅತ್ತೆಯ ಫೋಟೊಗೆ ಕೈ ಮುಗಿದ. ಚಹಾ ಕುಡಿದು, ಅವ್ವನಿಗೆ ಸಕ್ಕರೆ ಸರಿಯಾಗಿದೆ ಎಂದ. ಆಮೇಲೆ ಗೋಡೆಯ ಮೇಲಿನ ಕೀಲಿಕೈಯನ್ನು ನೋಡಿ ಅದೇನೆಂದು ಕೇಳಿದ. ಅಪ್ಪ ಖುಷಿಯಿಂದ ಎಲ್ಲ ಹೇಳಿದ: ಗೂಟ, ಅರಿಷಿಣದ ದಾರ, ಇಬ್ಬರು ಕೂಡಿ ಬರುವುದು. ಫೌಜದಾರ ಗಲ್ಲಕ್ಕೆ ಕೈಯಿಟ್ಟು ಕೇಳಿಸಿಕೊಂಡ.

"ಇದು ಚಲೋ ಪದ್ಧತಿ ಅದ ಟೇಲರ್. ಇದರಾಂಗ ಮಾಡೂನು. ನೀವೂ ಹೊರಗ ಇರ್ರಿ, ಅವ್ರೂ ಹೊರಗ ಇರ್ಲಿ. ಎಂಟು ದಿನ ಮನಿ ಕೀಲಿಕೈ ನಮ್ಮ ಠಾಣಾದಾಗ ಅಮಾನತ್ ಇರ್ಲಿ. ಕೂತು ಮಾತಾಡಿ ಬಗಿಹರಸೂನು. ನನ್ನ ಮ್ಯಾಲ ನಂಬಿಕಿ ಇಲ್ಲೇನು?"

"ಅಯ್ಯ, ಎಂಥ ಮಾತ್ರೀ ಸಾಹೇಬ್ರ," ಎಂದ ಅಪ್ಪ.

ಫೌಜದಾರ ಬೇರೆ ಯಾವ ಮಾತು ಹೇಳಿದ್ದರೂ ಅಪ್ಪ ಒಪ್ಪುತ್ತಿರಲಿಲ್ಲ ಎಂದು ನನಗೆ ಈಗ ಅನಿಸುತ್ತದೆ. ಹೆದರಿಸಿದ್ದರೆ ಓಣಿಯನ್ನು ಕೂಡಿಸುತ್ತಿದ್ದ. ಹೊಡೆದಿದ್ದರೆ ತಿಂದು ಬಂದು ಮತ್ತೆ ಮಷೀನಿಗೆ ಕೂಡುತ್ತಿದ್ದ. ಆದರೆ ಅಮಾನತ್ ಎಂಬ ಮಾತು ಕೇಳುತ್ತಾ ಬೆಳೆದವನು ಅವನು. ಆ ಮಾತು ಆಡಿದವರು ಮೋಸ ಮಾಡಬಹುದು ಎಂಬುದು ಅವನ ತಲೆಗೆ ಹೊಳೆಯುವುದೇ ಸಾಧ್ಯವಿರಲಿಲ್ಲ. ಹಾಸಿಗೆ, ನಾಲ್ಕು ಪಾತ್ರೆ ಮಾತ್ರ ಹೊರಗೆ ತೆಗೆದೆವು. ಎಂಟು ದಿನಕ್ಕೆ ಮಷೀನು ಯಾಕೆ ಎಂದ ಅಪ್ಪ. ಅವ್ವ ಕೇಳಲಿಲ್ಲ, ಅಣ್ಣನನ್ನು ಕರೆದು ತಾನೇ ಒಂದು ಕಡೆ ಹಿಡಿದು ಅದನ್ನು ಹೊರಗೆ ಸಾಗಿಸಿದಳು. ಮೂರನೆಯ ಗೂಟದ ಕೀಲಿಕೈ ನೋಡಿ, ಇದನ್ನೂ ತಗೊಳ್ಳೋಣವೇ ಎಂದು ನಾನು ಕೇಳಿದೆ.

"ಇಟ್ಟ ಜಾಗಾ ಬಿಟ್ಟು ಕದಲಿಸಬಾರದವ್ವಾ," ಎಂದ ಅಪ್ಪ. "ಪೊಲೀಸ್ರ ಕಾವಲದಾಗ ಇರ್ತದ, ಅದಕಿಂತ ಇನ್ನೇನು ಬೇಕು?"

ಹೊಸ್ತಿಲಲ್ಲಿ ನಿಂತು ಅಪ್ಪ ಮನೆಯ ಕೀಲಿಕೈಗೆ ಅರಿಷಿಣದ ದಾರ ಸುತ್ತಿದ. ಫೌಜದಾರ ಕೈ ಮುಂದೆ ಮಾಡಿದ. ಅವನ ತೋಳಿನ ಕೊನೆಯ ಕಾಜಾ ಸ್ವಲ್ಪ ಸೊಟ್ಟಗಿತ್ತು. ಅದು ನಾನು ಹಾಕಿದ್ದೇ, ಅವಸರದಲ್ಲಿ ಹಾಕಿದ್ದೆ.

ಎಂಟನೆಯ ದಿನ ಹೋದಾಗ ನಮ್ಮ ಬಾಗಿಲಿಗೆ ಹೊಸ ಕೀಲಿ ಇತ್ತು. ಮುಂಗೋಡೆಗೆ ಸುಣ್ಣ ಹೊಡೆದಿದ್ದರು. ಕಿಟಕಿಯಿಂದ ಇಣುಕಿದರೆ ಪಡಸಾಲೆಯ ತುಂಬ ಭತ್ತದ ಚೀಲ. ಅಪ್ಪ ಓಡುತ್ತಾ ಠಾಣೆಗೆ ಹೋದ, ನಾನು ಅವನ ಹಿಂದೆ. ಎಂಟು ದಿನದ ಹಿಂದೆ ಅವನನ್ನು ರೀ ಹಚ್ಚಿ ಮಾತಾಡಿಸಿದ್ದ ಫೌಜದಾರ ಈಗ ಕುರ್ಚಿಯಿಂದ ಏಳಲಿಲ್ಲ.

"ನೀನ ಕೊಟ್ಟಿಯಲ್ಲೋ? ನಾನೇನು ನಿನ್ನ ಕೈಯಾಂದು ಕಸಗೊಂಡೆನೇನು? ಟೇಲರ್ ತಾನಾಗೆ ಖಾಲಿ ಮಾಡಿ ಕೀಲಿಕೈ ಒಪ್ಪಿಸ್ಯಾನ ಅಂತ ಬರದದ. ಇಬ್ಬರು ಪಂಚರು ಸಹಿ ಹಾಕ್ಯಾರ. ಇನ್ನೇನರ ಇದ್ರ ಕೋರ್ಟಿಗಿ ಹೋಗು. ಸಿವಿಲ್ ಮ್ಯಾಟರ್‌ದಾಗ ನಾವು ಕೈ ಹಾಕಾಂಗಿಲ್ಲ."

ಅವನಿಗೆ ಇದರಿಂದ ಏನು ಸಿಕ್ಕಿತು ಎಂಬುದು ನನಗೆ ಗೊತ್ತಿಲ್ಲ. ನೋಡದ್ದನ್ನು ಬರೆಯುವ ರೂಢಿ ನನಗಿಲ್ಲ. ಮುಂದೆ ರಾಯಚೂರಿನ ಕೋರ್ಟಿನಲ್ಲಿ ಬೆರಳಚ್ಚು ಮಾಡಿಯೇ ತಲೆ ಬೆಳ್ಳಗಾದವಳು ನಾನು. ಆದರೆ ಅಪ್ಪ ಅವತ್ತು ಠಾಣೆಯ ಮೆಟ್ಟಿಲು ಇಳಿದದ್ದನ್ನು ನೋಡಿದ್ದೇನೆ. ಇಳಿಯುವಾಗ ಅವನು ಒಂದು ಮೆಟ್ಟಿಲು ತಪ್ಪಿದ, ಗೋಡೆ ಹಿಡಿದುಕೊಂಡ. ಬಾಗಿಲ ಪಹರೆಯವನು ಅಪ್ಪನೇ ಹೊಲಿದ ಅಂಗಿ ತೊಟ್ಟು ಬೇರೆ ಕಡೆ ನೋಡುತ್ತಿದ್ದ.

ನಾವು ಊರ ಹೊರಗಿನ ಒಂದು ಬಾಡಿಗೆ ಖೋಲಿಗೆ ಬಂದೆವು. ಅಡುಗೆ, ಮಷೀನು, ನಾಲ್ಕು ಜನರ ಹಾಸಿಗೆ ಎಲ್ಲ ಅದರಲ್ಲೇ. ಗೋಡೆಗೆ ಮೊಳೆ ಹೊಡೆಯಬಾರದೆಂದು ಮಾಲಕರ ಕಟ್ಟಪ್ಪಣೆ. ಅವತ್ತಿನಿಂದ ಅವ್ವ ಖಾಕಿ ಬಟ್ಟೆ ಮುಟ್ಟಲಿಲ್ಲ, ಠಾಣೆಯವರೂ ಕಳಿಸಲಿಲ್ಲ. ಅಪ್ಪ ರಾಯಚೂರಿಗೆ ಹೋಗಿ ವಕೀಲರನ್ನು ಹಿಡಿದ. ಒಂದು ಸಲ ನನ್ನನ್ನೂ ಕರೆದುಕೊಂಡು ಹೋಗಿದ್ದ. ವಕೀಲರು ವಯಸ್ಸಾದವರು, ಒಳ್ಳೆಯವರು. ಎಲ್ಲ ಕೇಳಿ ಹಣೆ ಚಚ್ಚಿಕೊಂಡರು.

"ಮನಿ ಯಾರ ಸ್ವಾಧೀನದಾಗ ಇರಬೇಕು ಅಂತ ಹೇಳಾಕ ಪೊಲೀಸ್ರಿಗಿ ಏನು ಅಧಿಕಾರ ಅದರೀ? ಅದು ಕೋರ್ಟಿನ ಕೆಲಸ. ಅವ್ರು ಕೇಳಿದ್ರಂತ ನೀವು ಕೊಟ್ಟಬಿಡೂದಾ? ಕೊಡೂದು ಕೊಟ್ಟ್ರಿ, ಒಂದು ರಸೀದಿನರ ಇಸಗೋಬಾರದಾ?"

ಅಪ್ಪ ಹೇಳಿದ:

"ಅಮಾನತ್ ಇಟ್ಟು ರಸೀದಿ ಕೇಳಿದ್ರ, ಮುಂದಿನವ್ರ ಮ್ಯಾಲ ಅನುಮಾನ ಮಾಡಿದಂಗ ಆಗ್ತದಲ್ಲರೀ."

ವಕೀಲರು ಪೆನ್ನು ಕೆಳಗಿಟ್ಟರು. ಆಮೇಲೆ ಮೆತ್ತಗಿನ ದನಿಯಲ್ಲಿ, ರೇಷನ್ ಕಾರ್ಡು ಇದೆ, ಮನೆ ತೆರಿಗೆ ನೀವೇ ಕಟ್ಟಿದ ರಸೀದಿಗಳಿವೆ, ಓಣಿಯವರು ಸಾಕ್ಷಿ ಹೇಳುತ್ತಾರೆ, ತಡವಾಗಬಹುದು ಆದರೆ ಮನೆ ನಿಮಗೇ ಬರುತ್ತದೆ ಎಂದರು. ಹೊರಗೆ ಬಂದು ಅಪ್ಪ ನನಗೆ ತೀನ್ ಕಂದೀಲು ವೃತ್ತದ ಹತ್ತಿರ ಮಂಡಾಳ ವಗ್ಗರಣಿ, ಮಿರ್ಚಿ ಕೊಡಿಸಿದ. ಬಸ್ಸು ಕಲ್ಮಲ ದಾಟುವವರೆಗೂ ನಾವಿಬ್ಬರೂ ಮನೆಗೆ ಮರಳಿ ಹೋದ ಮೇಲೆ ಮಷೀನನ್ನು ಬೆಳಕಿಂಡಿಯ ಕೆಳಗೆ ಹಾಕಬೇಕೋ ಬಾಗಿಲ ಬಳಿಯೋ ಎಂದು ಮಾತಾಡಿದೆವು. ಅದು ನನ್ನ ಬಾಲ್ಯದ ಒಳ್ಳೆಯ ದಿನಗಳಲ್ಲಿ ಒಂದು.

ಹೀಗೆ ಒಂದೂವರೆ ವರ್ಷ ನಡೆಯಿತು. ಒಂದು ದಿನ ಮುಂಜಾನೆ ಖೋಲಿಯ ಬಾಗಿಲಲ್ಲಿ ಅಮರಪ್ಪ, ತಿಮ್ಮಣ್ಣ ಇಬ್ಬರೂ ಕೂಡಿ ನಿಂತಿದ್ದರು. ಅಮರಪ್ಪನ ಮಗಳ ಮದುವೆ ಗೊತ್ತಾಗಿತ್ತು. ಆ ನೆಪದಲ್ಲಿ ಹಿರಿಯರು ಅಣ್ಣತಮ್ಮಂದಿರನ್ನು ಒಂದು ಮಾಡಿದ್ದರು. ಮದುವೆಗೆ ಬೇಕಾದ ತಾಮ್ರದ ಹಂಡೆ, ಕೊಪ್ಪರಿಗೆಗಳೆಲ್ಲ ಆ ಕೀಲಿ ಹಾಕಿದ ಕೋಣೆಯಲ್ಲಿದ್ದವು.

"ಟೇಲರಣ್ಣಾ, ಇಬ್ಬರೂ ಬಂದೀವಿ," ಎಂದ ಅಮರಪ್ಪ.

ಈ ಮಾತಿಗಾಗಿ ಅತ್ತೆ ಸಾಯುವವರೆಗೂ ಕಾದಿದ್ದಳು. ಅಪ್ಪನ ಕಣ್ಣು ಗೋಡೆಯ ಕಡೆ ಹೋಯಿತು, ಅಲ್ಲಿ ಗೂಟ ಇಲ್ಲವೆಂದು ಆಗ ತಾನೇ ನೆನಪಾದವನಂತೆ ಕೆಳಗಿಳಿಯಿತು. ಮನೆ ಹೋದ ದಿನವೂ ನಾನು ಅವನನ್ನು ಹಾಗೆ ನೋಡಿರಲಿಲ್ಲ. ಅಮರಪ್ಪನಿಗೆ ಅರ್ಥವಾಯಿತು.

"ಇರ್ಲಿ ಬಿಡಣ್ಣ. ನಿನ್ನ ತಪ್ಪೇನದ ಅದರಾಗ. ಕಲ್ಲು ತಗೊಂಡು ಕೀಲಿ ಒಡೀತೀವಿ."

"ಒಡೀಬ್ಯಾಡ್ರಿ," ಎಂದ ಅಪ್ಪ. "ನಮ್ಮತ್ತಿ ಕೈಯಾಗ ಕೊಟ್ಟದ್ದು ಅದು. ನಾನ ತಂದು ಕೊಡ್ತೀನಿ. ನನ್ನ ಸಲುವಾಗಿ ನಾಕು ದಿನ ತಡೀರಿ."

ಅಪ್ಪ ಠಾಣೆಗೆ ಹೋಗಿ ಮನೆ ಕೇಳಲಿಲ್ಲ, ಗೂಟದ ಮೇಲಿನ ಕೀಲಿಕೈಯನ್ನಷ್ಟೇ ಕೇಳಿದ. ಫೌಜದಾರ ನಕ್ಕು, ಅದೆಲ್ಲ ಮಾನವಿಗೆ ಹೋಗಿದೆ, ನಾನು ಹೇಳಿ ಕಳಿಸುತ್ತೇನೆ, ಶುಕ್ರವಾರ ಹೋಗು ಎಂದ. ಶುಕ್ರವಾರಕ್ಕೆ ಇನ್ನೂ ಐದು ದಿನವಿತ್ತು. ಅವ್ವ ನನ್ನನ್ನು ಜೊತೆಗೆ ಕಳಿಸಿದಳು.

"ನಿಮ್ಮಪ್ಪ ಒಬ್ಬರ ಹೋದ್ರ ಏನರ ಮಾಡಿ ಬರ್ತಾರ. ನೀ ಕೈ ಹಿಡಕೊಂಡ ಇರು."

ಸಿರವಾರದ ಮೇಲೆ ಹಾದು ಮಾನವಿ ಮುಟ್ಟಿದಾಗ ಮಧ್ಯಾಹ್ನ. ಗಿರಣಿಯ ಅಂಗಳದಲ್ಲಿ ಹೊಟ್ಟಿನ ಧೂಳು ಮೂಗಿಗೆ ಅಡರುತ್ತಿತ್ತು. ವೀರಭದ್ರಪ್ಪ ನಮ್ಮನ್ನು ಬೀಗರ ಹಾಗೆ ಬರಮಾಡಿಕೊಂಡ, ಮೊದಲು ಉಣ್ಣಿ ಎಂದ. ಅಪ್ಪ ನೀರು ಸಹ ಮುಟ್ಟಲಿಲ್ಲ. ನಾನು ಉಂಡೆ. ಬಿಳಿ ಅನ್ನ, ಸಾರು, ತುಪ್ಪ; ನಸುಕಿನಿಂದ ಏನೂ ತಿಂದಿರಲಿಲ್ಲ. ಆ ಅನ್ನದ ಬಗ್ಗೆ ನನಗೆ ಇವತ್ತಿಗೂ ನಾಚಿಕೆಯಿದೆ. ಊಟವಾದ ಮೇಲೆ ಅವನು ಮೇಜಿನ ಖಾನೆಯಿಂದ ಎರಡು ವಸ್ತು ತೆಗೆದು ಮುಂದಿಟ್ಟ. ಒಂದು, ಮೂರನೆಯ ಗೂಟದ ಕೀಲಿಕೈ. ದಾರ ಹಾಗೇ ಇತ್ತು, ಅರಿಷಿಣ ಮಾತ್ರ ಮಾಸಿತ್ತು. ಇನ್ನೊಂದು, ಮೊದಲೇ ಬರೆದಿಟ್ಟ ಕಾಗದ. ಆ ಅಕ್ಷರ ನನಗೆ ಗುರುತಿತ್ತು. ಠಾಣೆಯ ರೈಟರ್ ಖಾಕಿ ಬಟ್ಟೆಯ ಜೊತೆ ಅಳತೆ ಬರೆದು ಕಳಿಸುತ್ತಿದ್ದ ಚೀಟಿಗಳ ಅದೇ ಅಕ್ಷರ. ಫೌಜದಾರ ಶುಕ್ರವಾರದವರೆಗೆ ತಡೆದದ್ದು ಈ ಕಾಗದ ಬರೆಸಿ ಕಳಿಸಲು ಎಂದು ಆಗ ತಿಳಿಯಿತು.

"ಮನಿ ಮ್ಯಾಲ ನನಗ ಹಕ್ಕಿಲ್ಲ, ಕೇಸ್ ಹಿಂದಕ್ಕ ತಗೀತೀನಿ, ಅಂತ ಅದ. ಸಹಿ ಹಾಕಿ ಕೀಲಿಕೈ ಒಯ್ಯಿರಿ," ಎಂದ ವೀರಭದ್ರಪ್ಪ.

ನಾನು ಅಪ್ಪನ ತೋಳು ಜಗ್ಗಿದೆ.

"ಬ್ಯಾಡಪ್ಪ. ವಕೀಲರಿಗಿ ಕೇಳೂನು. ಮನಿ ಬರ್ತದಂತ ಅವ್ರು ಹೇಳ್ಯಾರ."

ಅಪ್ಪ ನನ್ನ ಮುಖ ನೋಡಿದ. ಅವನ ದನಿ ಗಟ್ಟಿಯಾಗಿಯೇ ಇತ್ತು.

"ಮನಿ ನಂದವ್ವಾ. ಹೋದ್ರ ನಂದು ಹೋಗ್ತದ. ಕೀಲಿಕೈ ಮಂದಿದು."

ಅವನು ಸಹಿ ಹಾಕುವಾಗ ನಾನು ಕೈ ಹಿಡಿದುಕೊಂಡೇ ಇದ್ದೆ, ಅವ್ವ ಹೇಳಿದ್ದಳಲ್ಲ. ಆದರೆ ಹಿಡಿದದ್ದು ಎಡಗೈ. ಬರುವಾಗ ಬಸ್ಸಿನಲ್ಲಿ ಅಪ್ಪ ಕೀಲಿಕೈಯನ್ನು ಕರವಸ್ತ್ರದಲ್ಲಿ ಕಟ್ಟಿ ಮುಷ್ಟಿಯಲ್ಲಿ ಹಿಡಿದು ನಿದ್ದೆ ಹೋದ. ಒಂದೂವರೆ ವರ್ಷದಲ್ಲಿ ಅವನು ಅಷ್ಟು ನೆಮ್ಮದಿಯಿಂದ ಮಲಗಿದ್ದನ್ನು ನಾನು ಕಂಡಿರಲಿಲ್ಲ. ನಾನು ಕಿಟಕಿಗೆ ಮುಖ ಹಚ್ಚಿ ಅಳುತ್ತಾ ಕೂತೆ. ಅವನ ಮೇಲೆ ನನಗೆ ಎಷ್ಟು ಸಿಟ್ಟು ಬಂದಿತ್ತೆಂದರೆ, ಬಸ್ಸು ಕುಲುಕಿದಾಗ ನನ್ನ ಹೆಗಲಿಗೆ ಒರಗಿದ ಅವನ ತಲೆಯನ್ನು ಎರಡು ಸಲ ದೂಡಿದೆ. ಮೂರನೆಯ ಸಲ ದೂಡಲಿಲ್ಲ.

ಖೋಲಿ ಮುಟ್ಟಿದಾಗ ಇನ್ನೂ ಬೆಳಕಿತ್ತು. ಅಪ್ಪ ಕಾಲು ತೊಳೆಯಲು ಹೋದ. ಅವ್ವ ನನ್ನ ರಟ್ಟೆ ಹಿಡಿದು ಹಿತ್ತಲಿಗೆ ಎಳೆದೊಯ್ದಳು. ನಾನು ತಡೆಯಲಾರದೆ ಮೊದಲೇ ಹೇಳಿಬಿಟ್ಟೆ.

"ಅಪ್ಪ ಮನಿ ಬಿಟ್ಟಕೊಟ್ಟು ಸಹಿ ಹಾಕಿದ. ಕೀಲಿಕೈ ತಂದಾನ."

ಅವ್ವ ನನ್ನ ರಟ್ಟೆ ಬಿಟ್ಟಳು. ಬಚ್ಚಲ ಕಲ್ಲಿನ ಮೇಲೆ ಕೂತಳು. ಅವಳ ಬಾಯಿಂದ ಬಂದ ಮಾತು ನನಗೆ ಒಮ್ಮೆಗೇ ಅರ್ಥವಾಗಲಿಲ್ಲ.

"ಅವ್ರು ನಿನ್ನೆ ಕೀಲಿ ಒಡದಾರ ರೇಣುಕಾ."

ತಿಮ್ಮಣ್ಣ ಒಡೆದಿದ್ದ. ನಾಲ್ಕು ದಿನ ಎಂದದ್ದು ಐದಾಗಿತ್ತು, ಚಪ್ಪರದ ದಿನ ಹತ್ತಿರ ಬಂದಿತ್ತು. ಪೊಲೀಸರ ಪಾಲಾದ ಕೀಲಿಕೈ ಇನ್ನು ಬಂದ ಹಾಗೇ ಎಂದು ಒಂದು ಗುಂಡುಕಲ್ಲಿನಿಂದ ಒಡೆದು, ಹಂಡೆಗಳನ್ನು ಹೊರಗೆ ತೆಗೆದು, ಹೊಸ ಕೀಲಿ ಹಾಕಿದ್ದರು. ನಾವು ಮಾನವಿಗೆ ಹೋದ ಮೇಲೆ ಅವ್ವನಿಗೆ ನೀರಿನ ನಲ್ಲಿಯ ಹತ್ತಿರ ಸುದ್ದಿ ತಿಳಿದಿತ್ತು. ಒಳಗೆ ಅಪ್ಪ ಕೆಮ್ಮುತ್ತಾ, ಅರಿಷಿಣ ಎಲ್ಲಿದೆ ಎಂದು ಕೇಳುತ್ತಿದ್ದ. ಅವ್ವ ಎದ್ದು ನಿಂತಳು. ಒಳಗೆ ಹೋಗಿ ಅವನ ಮುಂದೆ ಎಲ್ಲ ಕೂಗಿ ಹೇಳುತ್ತಾಳೆ ಎಂದುಕೊಂಡೆ. ಹೇಳಲಿ ಎಂದೂ ನನಗಿತ್ತು. ಅವಳು ಬಾಗಿಲವರೆಗೆ ಹೋಗಿ ಅವನನ್ನು ನೋಡಿದಳು. ಅವನು ಮಷೀನಿನ ಮುಂದೆ ಕೂತು ಮಾಸಿದ ದಾರ ಬಿಚ್ಚಿ ಹೊಸ ದಾರ ಸುತ್ತುತ್ತಿದ್ದ.

"ಉಂಡೀರೇನು?" ಎಂದು ಕೇಳಿದಳು.

"ಇಲ್ಲ. ಮೊದಲ ಅವ್ರನ್ನ ಕರಿ. ಇದು ಮುಟ್ಟಿಸಿ ಉಣ್ತೀನಿ. ಗಂಗವ್ವಾ, ನಾನು ಅಲ್ಲಿ ಒಂದು ಸಹಿ..."

"ರೇಣಿ ಹೇಳಿದಳು. ಹಾಕಿದ್ರ ಹಾಕಿದ್ರಿ ಬಿಡ್ರಿ," ಎಂದು ಅವ್ವ ತಿರುಗಿ ಹಿತ್ತಲಿಗೆ ಬಂದಳು. ಸೆರಗನ್ನು ಬಾಯಿಗೆ ಒತ್ತಿಕೊಂಡು ಒಂದು ಗಳಿಗೆ ನಿಂತು, ನನಗೆ ಹೇಳಿದಳು:

"ಓಡಿ ಹೋಗು. ಕೀಲಿ ಒಡದದ್ದು ಹೇಳಬ್ಯಾಡ್ರಿ ಅನ್ನು. ಇಬ್ಬರೂ ಬಂದು, ಎರಡು ಕೈಲೆ ಇಸಗೊಂಡು ಹೋಗ್ರಿ ಅನ್ನು. ನಮ್ಮವ್ವ ಕೈ ಮುಗದು ಕೇಳ್ಯಾಳ ಅನ್ನು."

ನಾನು ಓಡಿದೆ. ಅಮರಪ್ಪನ ಅಂಗಳದಲ್ಲಿ ತಿಕ್ಕಿ ಬೋರಲು ಹಾಕಿದ ಹಂಡೆಗಳು ಹೊಳೆಯುತ್ತಿದ್ದವು. ಅಪ್ಪ ಏನು ಕೊಟ್ಟು ಕೀಲಿಕೈ ತಂದನೆಂದು ಹೇಳಿದಾಗ ತಿಮ್ಮಣ್ಣ ಅಲ್ಲೇ ಕುಸಿದು ಕೂತ. ಅಮರಪ್ಪ ಒಳಗೆ ಹೋಗಿ, ಮದುವೆಗೆಂದು ಮಡಿಚಿಟ್ಟ ಬಿಳಿ ರುಮಾಲು ಸುತ್ತಿಕೊಂಡು ಬಂದ. ಇಬ್ಬರೂ ನಮ್ಮ ಖೋಲಿಗೆ ಬಂದರು. ಅವ್ವ ಅರಿಷಿಣದ ಬಟ್ಟಲು ತಂದಿಟ್ಟಳು. ಅಪ್ಪ ಎದ್ದು ನಿಂತು, ಇಬ್ಬರ ಕೈ ಕೂಡಿಸಿ, ಅದರ ಮೇಲೆ ಕೀಲಿಕೈ ಇಟ್ಟ.

"ನಾಗವ್ವತ್ತಿ ಮಾತು ಮುಟ್ಟಿತು ನೋಡ್ರಿ," ಎಂದ.

"ಮುಟ್ಟಿತಣ್ಣ," ಎಂದ ಅಮರಪ್ಪ. ತಿಮ್ಮಣ್ಣ ತಲೆ ಎತ್ತಲಿಲ್ಲ. ಅವನು ಅಳುತ್ತಿದ್ದದ್ದನ್ನು ಅಪ್ಪ ಬೇರೆ ಅರ್ಥದಲ್ಲಿ ತಿಳಿದು, ಬೆನ್ನು ತಟ್ಟಿ ಸಮಾಧಾನ ಮಾಡಿದ. ಆಮೇಲೆ ಕೂತು ಮೂರು ರೊಟ್ಟಿ ಉಂಡ. ಮದುವೆಯಲ್ಲಿ ಅಪ್ಪನಿಗೆ ಹಿರಿಯರ ಸಾಲಿನಲ್ಲಿ ಜಾಗ ಕೊಟ್ಟರು. ಆ ಕೋಣೆಯ ಬಾಗಿಲಿಗೆ, ಹೊಸ ಕೀಲಿ ಕಾಣದಂತೆ, ಒಂದು ಜಮಖಾನೆ ಇಳಿಬಿಟ್ಟಿದ್ದರು.

ಅವ್ವ ಅಪ್ಪನಿಗೆ ಕೊನೆಯವರೆಗೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ಎಷ್ಟೋ ಸಲ ನಾಲಿಗೆಯ ತುದಿಗೆ ಬಂದಿದೆ. ಮಳೆಗಾಲದಲ್ಲಿ ಖೋಲಿ ಸೋರುವಾಗ, ಅಣ್ಣ ಓದು ಬಿಟ್ಟು ಶಕ್ತಿನಗರದ ಕಟ್ಟಡಗಳ ಕೂಲಿಗೆ ಹೋದಾಗ, ನಮ್ಮ ಹಳೆಯ ಮನೆಯನ್ನು ಕೆಡವಿ ವೀರಭದ್ರಪ್ಪ ಅಂಗಡಿ ಸಾಲು ಕಟ್ಟಿಸಿದಾಗ. ನನಗೆ ಕೋರ್ಟಿನಲ್ಲಿ ಕೆಲಸ ಸಿಕ್ಕ ಮೇಲೆ ಯಾರಿಗೆ ಏನು ಕೊಟ್ಟರೂ ರಸೀದಿ ಕೇಳುವ ಚಟ ಬಿತ್ತು. ಪಕ್ಕದ ಮನೆಗೆ ಬಟ್ಟಲು ಕೊಟ್ಟರೂ ಬರೆದಿಡುತ್ತೇನೆ. ಮಕ್ಕಳು ನಗುತ್ತಾರೆ, ನಗಲಿ. ಅಪ್ಪನಂತೆ ಯಾರನ್ನೂ ನಂಬಲು ನನ್ನಿಂದ ಆಗಲಿಲ್ಲ, ಅವನ ಹಾಗೆ ಮಲಗಲೂ ಆಗಲಿಲ್ಲ.

ಅವನು ಹಾಸಿಗೆ ಹಿಡಿದ ವರ್ಷ ನಾನು ರಾಯಚೂರಿನಿಂದ ಪ್ರತಿ ಭಾನುವಾರ ಹೋಗುತ್ತಿದ್ದೆ. ಒಂದು ಮಧ್ಯಾಹ್ನ ಅವ್ವ ಅವನ ಕಾಲು ಒತ್ತುತ್ತಿದ್ದಳು. ಅವನು ಗೋಡೆಯ ಕಡೆ ನೋಡುತ್ತಾ ಇದ್ದವನು ನನ್ನನ್ನು ಕರೆದ.

"ಮನಿ ಉಳಿಸಾಕ ಆಗಲಿಲ್ಲವ್ವಾ ನನಗ. ನಿಮ್ಮನ್ನೆಲ್ಲಾ ಹೊರಗ ಹಾಕಿದೆ. ಆದ್ರ ಅವ್ರ ಕೀಲಿಕೈ ಮುಟ್ಟಿಸಿದೆ, ಹೌದಿಲ್ಲೋ? ಅವ್ರು ಅದರಿಂದನ ಕೀಲಿ ತಗದ್ರು, ಹೌದಿಲ್ಲೋ?"

ಅವ್ವನ ಕೈ ನಿಂತಿತು. ಅವಳು ನನ್ನನ್ನು ನೋಡಿದಳು.

"ಹೌದಪ್ಪ," ಎಂದೆ. "ಅದರಿಂದನ ತಗದ್ರು. ನಾ ನೋಡೀನಿ."

ಅಪ್ಪ ಕಣ್ಣು ಮುಚ್ಚಿಕೊಂಡ. ಫೌಜದಾರನ ಮಾತನ್ನು ಹೇಗೆ ನಂಬಿದ್ದನೋ, ಹಾಗೆಯೇ ನನ್ನ ಮಾತನ್ನೂ ನಂಬಿದ.